84ನ್ನು ಎರಡು ಭಾಗ ಮಾಡಿ: ಅಪ್ಪನ ಬಾಯಿಲೆಕ್ಕ, ಮಗಳ ಬೀಜಗಣಿತ

ಪ್ರಶ್ನೆ: ಕೋಲಾರದ ಟೊಮೆಟೊ ಮಂಡಿಯೊಂದರಲ್ಲಿ ಬಿಲ್ ಬರೆಯುವ ಕೆಲಸ ನನ್ನದು. ಮಗಳು ಕನ್ನಡ ಮಾಧ್ಯಮದಲ್ಲಿ ಎಂಟನೇ ತರಗತಿ ಓದುತ್ತಿದ್ದಾಳೆ. ಸಮೀಕರಣ ಬರೆದುಕೊಟ್ಟರೆ ಪಟಪಟನೆ ಬಿಡಿಸುತ್ತಾಳೆ, ಅದೇ ಲೆಕ್ಕ ವಾಕ್ಯದಲ್ಲಿ ಬಂದರೆ ಪೆನ್ನು ಕಚ್ಚಿಕೊಂಡು ಕೂರುತ್ತಾಳೆ. ಮೊನ್ನೆಯ ಲೆಕ್ಕ ಇದು: “84ನ್ನು ಎರಡು ಭಾಗ ಮಾಡಿ. ಮೊದಲ ಭಾಗದ ಮೂರರಷ್ಟು, ಎರಡನೇ ಭಾಗದ ಎರಡರಷ್ಟಕ್ಕಿಂತ 7 ಹೆಚ್ಚಿರಬೇಕು.” ಅವಳು ಬರೆದದ್ದು 3ಕ − 2ಕ = 7, ಆದ್ದರಿಂದ ಕ = 7 ಅಂತ. ನಾನು ಬಾಯಲ್ಲೇ ಹಾಕಿ ನೋಡಿ 35, 49 ಅಂದೆ. ಉತ್ತರ ಸರಿ ಇತ್ತು. ಆದರೆ “ಹಂಗೆ ಮಾಡಿದ್ರೆ ಮಾರ್ಕ್ಸ್ ಕೊಡಲ್ಲಪ್ಪ” ಅಂತಾಳೆ. ನನ್ನ ವಿಧಾನ ತಪ್ಪೇ ಸರ್? ಅವಳಿಗೆ ಹೇಗೆ ಹೇಳಿಕೊಡಲಿ?

ಉತ್ತರ: ಮೊದಲು ನಿಮ್ಮ ಮಗಳು ಬರೆದ ಆ ಒಂದು ಸಾಲನ್ನೇ ನೋಡೋಣ. ತೊಡಕು ಇರುವುದೆಲ್ಲ ಅಲ್ಲೇ. ಪುಸ್ತಕದಲ್ಲಿ ಎಕ್ಸ್ ಎಂದಿರುವ ಕಡೆ ನಿಮ್ಮ ಹಾಗೆ ನಾನೂ ‘ಕ’ ಎಂದೇ ಬರೆಯುತ್ತೇನೆ. ಅಕ್ಷರ ಯಾವುದಾದರೂ ಲೆಕ್ಕ ಅದೇ.

3ಕ − 2ಕ = 7. ಇದರಲ್ಲಿ ಬಹುಪಾಲು ಸರಿಯಾಗಿಯೇ ಇದೆ. ‘ಮೂರರಷ್ಟು’ ಎಂಬುದು 3ರ ಗುಣಾಕಾರವಾಗಿದೆ, ‘ಎರಡರಷ್ಟು’ 2ರ ಗುಣಾಕಾರವಾಗಿದೆ. ‘7 ಹೆಚ್ಚು’ ಅಂದರೆ ವ್ಯತ್ಯಾಸ 7 ಅನ್ನುವುದು ಗೊತ್ತಾಗಿದೆ. ಯಾವುದರಲ್ಲಿ ಯಾವುದನ್ನು ಕಳೆಯಬೇಕು ಅನ್ನುವುದೂ ಅದಲುಬದಲಾಗಿಲ್ಲ. ವಾಕ್ಯವೇ ಅರ್ಥವಾಗದ ಮಗು ಇಷ್ಟು ಬರೆಯುವುದಿಲ್ಲ, ಹಾಗಾಗಿ ‘ನಿನಗೆ ಕನ್ನಡವೇ ಬರಲ್ಲ’ ಅಂತ ದಯವಿಟ್ಟು ಬೈಯಬೇಡಿ. ತಪ್ಪಿರುವುದು ಒಂದೇ ಕಡೆ: ಎರಡು ಬೇರೆ ಬೇರೆ ಭಾಗಗಳಿಗೆ ಒಂದೇ ಹೆಸರು ಇಟ್ಟಿದ್ದಾಳೆ. ಹಾಗೆ ಇಟ್ಟ ಕೂಡಲೇ ಎರಡು ಭಾಗವೂ ಸಮ ಎಂದು ತನಗೇ ತಿಳಿಯದೆ ಒಪ್ಪಿಕೊಂಡಂತಾಯಿತು.

ಇನ್ನೊಂದು ವಿಷಯ ಗಮನಿಸಿ. ಆ ಸಾಲಿನಲ್ಲಿ 84 ಎಲ್ಲೂ ಇಲ್ಲ. ಪ್ರಶ್ನೆಯ ಮೊದಲನೇ ಸಂಖ್ಯೆಯನ್ನು ಮುಟ್ಟದೆಯೇ ಉತ್ತರ ಬಂದುಬಿಟ್ಟಿದೆ. 84ರ ಬದಲು 840 ಕೊಟ್ಟಿದ್ದರೂ ಅವಳಿಗೆ 7 ಎಂದೇ ಬರುತ್ತಿತ್ತು. ಇಂಥ ಲೆಕ್ಕಗಳಲ್ಲಿ ಸಾಮಾನ್ಯವಾಗಿ ಬೇಡದ ಸಂಖ್ಯೆ ಕೊಟ್ಟಿರುವುದಿಲ್ಲ. ಕೊಟ್ಟ ಸಂಖ್ಯೆಯಲ್ಲಿ ಒಂದು ಸಮೀಕರಣದೊಳಗೆ ಬರಲೇ ಇಲ್ಲ ಅಂದರೆ ಬಿಡಿಸುವುದಕ್ಕೆ ಮೊದಲೇ ಅನುಮಾನಪಡಬೇಕು. ಪರೀಕ್ಷೆಯಲ್ಲಿ ಇದಕ್ಕೆ ಅರ್ಧ ನಿಮಿಷವೂ ಹಿಡಿಯುವುದಿಲ್ಲ.

ಸರಿ, ಎರಡನೇ ಭಾಗಕ್ಕೆ ಏನು ಹೆಸರು? ಹೊಸ ಹೆಸರೇ ಬೇಡ. ಒಟ್ಟು 84, ಒಂದು ಭಾಗ ಕ, ಇನ್ನೊಂದು ‘ಉಳಿದದ್ದು’. ನಿಮ್ಮ ಮಂಡಿಗೆ 84 ಬಾಕ್ಸ್ ಬಂದು 50 ಹರಾಜಾದರೆ ಉಳಿದದ್ದೆಷ್ಟು ಅಂತ ನೀವು ಯಾರನ್ನೂ ಕೇಳುವುದಿಲ್ಲ. ಅದೇ ಕೆಲಸ ಇಲ್ಲೂ: 84 − ಕ.

ಹೇಳುವುದಕ್ಕೆ ಇಷ್ಟು ಸುಲಭ. ಆದರೆ ಮಕ್ಕಳು ಮುಗ್ಗರಿಸುವುದು ಇಲ್ಲಿಯೇ, ಅದಕ್ಕೆ ಕಾರಣವೂ ಇದೆ. ಒಂದನೇ ತರಗತಿಯಿಂದ ಕಳೆಯುವ ಚಿಹ್ನೆ ಕಂಡ ತಕ್ಷಣ ಕಳೆದು ಮುಗಿಸಬೇಕು ಅಂತಲೇ ಅಭ್ಯಾಸ ಮಾಡಿಸಿದ್ದೇವೆ. 84 − 20 ಅಂತ ಬರೆದು ಹಾಗೇ ಬಿಟ್ಟರೆ ಲೆಕ್ಕ ಅರ್ಧಕ್ಕೆ ನಿಂತಿದೆ ಎಂದು ನಾವು ಮೇಷ್ಟ್ರುಗಳೇ ಕೆಂಪು ಶಾಯಿಯಲ್ಲಿ ಗೀಚಿದ್ದೇವೆ. ಈಗ ಇದ್ದಕ್ಕಿದ್ದಂತೆ ‘84 − ಕ ಅನ್ನೋದೇ ಒಂದು ಸಂಖ್ಯೆ, ಅದನ್ನು ಇಡಿಯಾಗಿ ಎತ್ತಿ ಎರಡರಿಂದ ಗುಣಿಸು’ ಅಂದರೆ ಮಗು ಏನು ಮಾಡಬೇಕು? ಮುಗಿಯದ ಲೆಕ್ಕವನ್ನು ಸಂಖ್ಯೆ ಅಂತ ನಂಬುವುದಕ್ಕೆ ಅದರ ಮನಸ್ಸು ಒಪ್ಪುವುದಿಲ್ಲ. ಅದಕ್ಕೇ ಮುಗಿದಂತೆ ಕಾಣುವ ಇನ್ನೊಂದು ‘ಕ’ ಹಾಕಿಬಿಡುತ್ತದೆ.

ಆದ್ದರಿಂದ ಎರಡು ದಿನ ಸಮೀಕರಣದ ಮಾತೇ ಎತ್ತಬೇಡಿ. ನೋಟ್‌ಬುಕ್‌ನಲ್ಲಿ ಎರಡು ಕಾಲಂ ಎಳೆಸಿ, ಒಂದು ಷರತ್ತು ಹಾಕಿ: ಕಳೆಯಬೇಕು, ಆದರೆ ಕಳೆದು ಮುಗಿಸಬಾರದು.

ಮೊದಲ ಭಾಗ 20 – ಎರಡನೇ ಭಾಗ 84 − 20
ಮೊದಲ ಭಾಗ 31 – ಎರಡನೇ ಭಾಗ 84 − 31
ಮೊದಲ ಭಾಗ 50 – ಎರಡನೇ ಭಾಗ 84 − 50
ಮೊದಲ ಭಾಗ ಕ – ಎರಡನೇ ಭಾಗ 84 − ಕ

64, 53 ಅಂತ ಬರೆಯಲು ಕೈ ಹಾತೊರೆಯುತ್ತದೆ, ಬಿಡಬೇಡಿ. ನಾಲ್ಕನೇ ಸಾಲಿಗೆ ಬರುವ ಹೊತ್ತಿಗೆ 84 − ಕ ಎಂಬುದು ಮೇಲಿನ ಮೂರರ ತಮ್ಮನ ಹಾಗೇ ಕಾಣಬೇಕು. ಆಮೇಲೆ ಅದೇ ಕಾಲಂಗಳ ಪಕ್ಕ ಇನ್ನೆರಡು: ‘ಮೊದಲನೆಯದರ ಮೂರರಷ್ಟು’, ‘ಎರಡನೆಯದರ ಎರಡರಷ್ಟು’. 20ರ ಸಾಲಿನಲ್ಲಿ 3 × 20 ಮತ್ತು 2 × (84 − 20). ಕ ಸಾಲಿನಲ್ಲಿ 3ಕ ಮತ್ತು 2(84 − ಕ). ಆವರಣ ಯಾಕೆ ಬೇಕು ಅನ್ನುವುದು ಇಲ್ಲಿ ತಾನಾಗಿಯೇ ಗೊತ್ತಾಗುತ್ತದೆ. ಆವರಣ ಇಲ್ಲದೆ 2 × 84 − 20 ಅಂತ ಬರೆದರೆ 148 ಆಗುತ್ತದೆ, ನಿಜವಾಗಿ ಬರಬೇಕಾದ್ದು 64ರ ಎರಡರಷ್ಟು, ಅಂದರೆ 128. ಸಂಖ್ಯೆ ಇದ್ದಾಗ ತಪ್ಪು ಕಣ್ಣಿಗೆ ಹೊಡೆಯುತ್ತದೆ, ಅಕ್ಷರ ಇದ್ದಾಗ ಅವಿತುಕೊಳ್ಳುತ್ತದೆ.

ಇನ್ನು ವಾಕ್ಯ ತನ್ನನ್ನು ತಾನೇ ಬರೆದುಕೊಳ್ಳುತ್ತದೆ:

3ಕ = 2(84 − ಕ) + 7
3ಕ = 168 − 2ಕ + 7
3ಕ = 175 − 2ಕ
5ಕ = 175
ಕ = 35, ಉಳಿದದ್ದು 84 − 35 = 49

ಮೂರನೇ ಸಾಲಿನಿಂದ ನಾಲ್ಕನೇ ಸಾಲಿಗೆ ಹೋಗುವಾಗ ‘ಆ ಕಡೆ ಹೋದರೆ ಚಿಹ್ನೆ ಬದಲಾಗುತ್ತೆ’ ಅಂತ ಹೇಳಿಕೊಡುವ ರೂಢಿ ಇದೆ. ಪಕ್ಷಾಂತರ ಅನ್ನುವ ಹೆಸರಿನಲ್ಲಿ ಪಾಠದಲ್ಲೂ ಬರುತ್ತದೆ. ನನಗೆ ಅದು ಅಷ್ಟಾಗಿ ಹಿಡಿಸದು. ಚಿಹ್ನೆ ಯಾಕೆ ಬದಲಾಗುತ್ತದೆ ಅನ್ನುವುದು ಮರೆತು ಮಂತ್ರ ಮಾತ್ರ ಉಳಿಯುತ್ತದೆ, ನಾಳೆ 5ಕ = 175ರಲ್ಲೂ 5ನ್ನು ಆ ಕಡೆ ಒಯ್ದು −5 ಮಾಡುವ ಮಕ್ಕಳಿದ್ದಾರೆ. ಎರಡು ಬದಿಗೂ 2ಕ ಕೂಡಿಸಿದೆವು ಅಂತ ಬಾಯಿಬಿಟ್ಟು ಹೇಳಿಸಿ, ಸಾಕು.

ತಾಳೆ ನೋಡುವುದು ಸಮೀಕರಣದಲ್ಲಲ್ಲ, ಪ್ರಶ್ನೆಯಲ್ಲಿ. ಸಮೀಕರಣವೇ ತಪ್ಪಿದ್ದರೆ ಅದರಲ್ಲಿ ಹಾಕಿ ನೋಡಿ ಏನು ಪ್ರಯೋಜನ? ನಿಮ್ಮ ಮಗಳ 7ನ್ನು ಅವಳದೇ ಸಮೀಕರಣದಲ್ಲಿ ಹಾಕಿದರೆ 21 − 14 = 7, ಚೆನ್ನಾಗಿಯೇ ಕೂರುತ್ತದೆ! ಪ್ರಶ್ನೆಗೆ ಹಾಕಿದರೆ ಭಾಗಗಳು 7 ಮತ್ತು 77. ಒಂದರ ಮೂರರಷ್ಟು 21, ಇನ್ನೊಂದರ ಎರಡರಷ್ಟು 154. ಅಲ್ಲಿಗೆ ಬಣ್ಣ ಬಯಲು. 35 ಮತ್ತು 49ಕ್ಕೆ 105 ಮತ್ತು 98, ವ್ಯತ್ಯಾಸ 7.

ಈಗ ನಿಮ್ಮ ಬಾಯಿಲೆಕ್ಕಕ್ಕೆ ಬರೋಣ. ಹೇಗೆ ಹಾಕಿ ನೋಡಿದಿರಿ ಅಂತ ನೀವು ಬರೆದಿಲ್ಲ. ಲೆಕ್ಕದಲ್ಲಿ ಕೈ ಪಳಗಿದವರು ಸಾಮಾನ್ಯವಾಗಿ ಅರ್ಧರ್ಧದಿಂದ ಶುರು ಮಾಡುತ್ತಾರೆ. 42, 42 ಅಂದುಕೊಂಡರೆ 126 ಮತ್ತು 84, ವ್ಯತ್ಯಾಸ 42. ಜಾಸ್ತಿ ಆಯಿತು. ಮೊದಲನೆಯದರಲ್ಲಿ ಒಂದು ತೆಗೆದು ಎರಡನೆಯದಕ್ಕೆ ಹಾಕಿದರೆ 41, 43. ಆಗ 123 ಮತ್ತು 86, ವ್ಯತ್ಯಾಸ 37. ಇನ್ನೊಂದು ಸರಿಸಿದರೆ 120 ಮತ್ತು 88, ವ್ಯತ್ಯಾಸ 32. ಪ್ರತಿ ಸಲ 5 ಇಳಿಯುತ್ತಿದೆ. 42ರಿಂದ 7ಕ್ಕೆ ಬರಬೇಕಾದರೆ 35 ಇಳಿಯಬೇಕು, ಅಂದರೆ ಏಳು ಸಲ ಸರಿಸಬೇಕು. 42ರಲ್ಲಿ 7 ಹೋದರೆ 35. ಮುಗಿಯಿತು.

ಆ 5 ಎಲ್ಲಿಂದ ಬಂತು? ಒಂದು ಕಡೆ ಒಂದು ಕಡಿಮೆಯಾದರೆ ಮೂರರಷ್ಟು ಅನ್ನುವುದು 3 ಇಳಿಯುತ್ತದೆ, ಇನ್ನೊಂದು ಕಡೆ ಎರಡರಷ್ಟು ಅನ್ನುವುದು 2 ಏರುತ್ತದೆ, ಅಂತರ ಒಟ್ಟು 5 ಕುಗ್ಗುತ್ತದೆ. ಮಗಳ ಲೆಕ್ಕದ 5ಕ ಇದೆಯಲ್ಲ, ಅದರ 5 ಇದೇ. ಇನ್ನೂ ಮಜಾ ಬೇಕಾದರೆ ಅರ್ಧರ್ಧದ ಬದಲು ಸೊನ್ನೆಯಿಂದ ಶುರು ಮಾಡಿ. ಮೊದಲ ಭಾಗ 0, ಎರಡನೆಯದು 84. ಈ ಕಡೆ 0, ಆ ಕಡೆ 168. ಮೊದಲನೆಯದು 168 ಹಿಂದೆ ಬಿದ್ದಿದೆ, ಅದು 7 ಮುಂದೆ ಬರಬೇಕು, ಒಟ್ಟು 175 ಸಾಗಬೇಕು. ಒಂದು ಹೆಜ್ಜೆಗೆ 5. ಇದನ್ನೇ ಕಾಗದದ ಮೇಲೆ ಬರೆದರೆ 5ಕ = 175. ಸಮೀಕರಣ ಅಂದರೆ ಸೊನ್ನೆಯಿಂದ ಹಾಕಿ ನೋಡಲು ಶುರು ಮಾಡಿ, ಒಂದೊಂದಾಗಿ ಎಣಿಸುವ ಬದಲು ಒಮ್ಮೆಲೇ ಭಾಗಿಸಿಬಿಡುವುದು. ಹಾಗಾಗಿ ನಿಮ್ಮ ವಿಧಾನ ತಪ್ಪಲ್ಲ, ಮಗಳ ವಿಧಾನಕ್ಕೆ ಅದು ಹತ್ತಿರದ ನೆಂಟನೇ. ಅವಳ ಎದುರಿಗೆ ಕೂತು 42, 41, 40 ಅಂತ ಮೂರು ಸಾಲು ಬರೆದು, ಇಳಿಕೆ 5 ಅನ್ನುವುದನ್ನು ಅವಳೇ ಕಂಡುಹಿಡಿಯುವಂತೆ ಮಾಡಿ. 5ಕ ಯಾಕೆ 5ಕ ಅನ್ನುವುದು ಅವಳ ಪುಸ್ತಕಕ್ಕಿಂತ ನಿಮ್ಮಿಂದ ಚೆನ್ನಾಗಿ ಅರ್ಥವಾದೀತು.

ಮಾರ್ಕ್ಸ್ ವಿಷಯದಲ್ಲಿ ಅವಳ ಮಾತು ನಿಜ. ನಮ್ಮಲ್ಲಿ ಹಂತ ಹಂತಕ್ಕೆ ಅಂಕ. ‘ಮೊದಲ ಭಾಗ ಕ ಆಗಿರಲಿ, ಎರಡನೇ ಭಾಗ 84 − ಕ’ ಅನ್ನುವ ಸಾಲು, ಸಮೀಕರಣದ ಸಾಲು, ಬಿಡಿಸಿದ ಸಾಲು ಕಾಣದಿದ್ದರೆ ಬರೀ ಉತ್ತರಕ್ಕೆ ಪೂರ್ತಿ ಅಂಕ ಕೊಡಲು ಮೌಲ್ಯಮಾಪಕರಿಗೆ ಬರುವುದಿಲ್ಲ. ಕ ಸಿಕ್ಕ ಕೂಡಲೇ ಎದ್ದುಹೋಗುವ ಮಕ್ಕಳೂ ಬಹಳ, ಇನ್ನೊಂದು ಭಾಗ ಬರೆಯುವುದೇ ಇಲ್ಲ. ಅದನ್ನೂ ನೋಡಿಕೊಳ್ಳಿ.

ಮುಂದಿನ ಮೆಟ್ಟಿಲು: ಯಾವುದಕ್ಕೆ ಕ ಅನ್ನಬೇಕು? 84ರ ಲೆಕ್ಕದಲ್ಲಿ ಯಾವ ಭಾಗಕ್ಕೆ ಇಟ್ಟರೂ ನಡೆಯುತ್ತದೆ. ಎರಡನೆಯದಕ್ಕೆ ಕ ಅಂದರೆ 3(84 − ಕ) = 2ಕ + 7, ಕ = 49. ಆದರೆ ಭಾಗಗಳು ಮೂರಾದಾಗ ಆಯ್ಕೆಯ ಮೇಲೆ ಕೆಲಸ ಹಗುರವೋ ಭಾರವೋ ನಿರ್ಧಾರವಾಗುತ್ತದೆ. ‘110ನ್ನು ಮೂರು ಭಾಗ ಮಾಡಿ, ಎರಡನೆಯದು ಮೊದಲನೆಯದರ ಎರಡರಷ್ಟು, ಮೂರನೆಯದು ಎರಡನೆಯದಕ್ಕಿಂತ 10 ಹೆಚ್ಚು.’ ಕನ್ನಡದಲ್ಲಿ ಇದಕ್ಕೆ ಒಳ್ಳೆಯ ಸುಳಿವು ಇದೆ. ‘ಕ್ಕಿಂತ’ ಅಥವಾ ‘ರ ಎರಡರಷ್ಟು’ ಅನ್ನುವುದು ಯಾವುದಕ್ಕೆ ಅಂಟಿಕೊಂಡಿದೆ ನೋಡಬೇಕು. ಮೂರನೆಯದನ್ನು ಎರಡನೆಯದಕ್ಕೆ ಹೋಲಿಸಿದ್ದಾರೆ, ಎರಡನೆಯದನ್ನು ಮೊದಲನೆಯದಕ್ಕೆ. ಮೊದಲನೆಯದನ್ನು ಯಾವುದಕ್ಕೂ ಹೋಲಿಸಿಲ್ಲ, ಉಳಿದವೇ ಅದರ ಹತ್ತಿರ ಬಂದಿವೆ. ಅದಕ್ಕೇ ಕ ಅನ್ನಿ. ಆಗ ಭಾಗಗಳು ಕ, 2ಕ, 2ಕ + 10. ಕೂಡಿದರೆ 5ಕ + 10 = 110, ಕ = 20. ಭಾಗಗಳು 20, 40, 50. ಅದೇ ಮೂರನೆಯದಕ್ಕೆ ಕ ಇಟ್ಟರೆ ಎರಡನೆಯದು ಕ − 10, ಮೊದಲನೆಯದು ಅದರ ಅರ್ಧ. ಭಿನ್ನರಾಶಿ, ಛೇದ, ಎರಡು ಬದಿಗೂ 2ರಿಂದ ಗುಣಿಸುವುದು ಅಂತ ತಲೆನೋವು. ಉತ್ತರ ಬರುತ್ತದೆ, ಆದರೆ ದಾರಿಯಲ್ಲಿ ಎಡವಲು ನಾಲ್ಕು ಕಲ್ಲು ಹೆಚ್ಚು.

‘ಗಿಂತ’ದ ಇನ್ನೊಂದು ಗುಂಡಿ. ‘ಮೂರನೆಯದು ಎರಡನೆಯದಕ್ಕಿಂತ 10 ಹೆಚ್ಚು’ ಅಂದಾಗ ಓದುವ ಕ್ರಮದಲ್ಲಿ ಮೂರನೆಯದೇ ಮೊದಲು ಬರುತ್ತದೆ, ‘ಹೆಚ್ಚು’ ಅಂದಿರುವುದೂ ಅದನ್ನೇ. ಹಾಗಾಗಿ ಕೆಲವು ಮಕ್ಕಳು ಮೂರನೆಯದು + 10 = ಎರಡನೆಯದು ಅಂತಲೂ ಬರೆಯುತ್ತಾರೆ. ಬರೆಯುವ ಮೊದಲು ಒಂದೇ ಪ್ರಶ್ನೆ ಕೇಳಿ: ಯಾವುದು ದೊಡ್ಡದು? ಮೂರನೆಯದು. ಸಮ ಆಗಬೇಕಾದರೆ ಕೂಡಿಸಬೇಕಾದ್ದು ಚಿಕ್ಕದಕ್ಕೆ. ‘ಮೂರು ಪಟ್ಟು ಹೆಚ್ಚು’ ಅನ್ನುವ ಮಾತನ್ನಂತೂ ನೀವು ಲೆಕ್ಕ ಕಟ್ಟುವಾಗ ಬಳಸಲೇಬೇಡಿ. 3ಕ ಅನ್ನುವವರೂ ಇದ್ದಾರೆ, ಕ + 3ಕ ಅಂತ ವಾದಿಸುವವರೂ ಇದ್ದಾರೆ. ‘ಮೂರರಷ್ಟು’ ಅಂದರೆ ಜಗಳವಿಲ್ಲ.

ಈ ಬಗೆಯ ಲೆಕ್ಕದಲ್ಲಿ ಬಾಯಿಲೆಕ್ಕದ ಒಂದು ರೂಢಿ ಕೈಕೊಡುತ್ತದೆ, ಹೇಳಿಬಿಡುತ್ತೇನೆ. ಏನಾದರೊಂದು ಸಂಖ್ಯೆ ಇಟ್ಟುಕೊಂಡು ಕೊನೆಗೆ ಅನುಪಾತದಲ್ಲಿ ಹಿಗ್ಗಿಸುವುದು. ಭಾಸ್ಕರಾಚಾರ್ಯರು 1150ರ ಲೀಲಾವತಿಯಲ್ಲಿ ಇದನ್ನು ಇಷ್ಟಕರ್ಮ ಎಂದು ಹೇಳಿಕೊಟ್ಟಿದ್ದಾರೆ. ಎಲ್ಲವೂ ‘ಇಷ್ಟರಷ್ಟು, ಇಷ್ಟನೇ ಭಾಗ’ ಎಂದಿರುವವರೆಗೆ ಸೊಗಸಾಗಿ ನಡೆಯುತ್ತದೆ. ಆದರೆ ನಡುವೆ ‘10 ಹೆಚ್ಚು’ ಅಂತ ಬಿಡಿ ಸಂಖ್ಯೆ ಬಂತೋ, ಕೆಟ್ಟಿತು. 110ರ ಲೆಕ್ಕದಲ್ಲಿ ಮೊದಲನೆಯದು 10 ಅಂದುಕೊಂಡರೆ 10, 20, 30, ಮೊತ್ತ 60. ‘60ಕ್ಕೆ 10 ಆದರೆ 110ಕ್ಕೆ ಎಷ್ಟು’ ಅಂದರೆ 18 ಚಿಲ್ಲರೆ ಬರುತ್ತದೆ, ಸರಿಯುತ್ತರ 20. ಆ 10ನ್ನು ಮೊದಲೇ ಪಕ್ಕಕ್ಕೆ ಎತ್ತಿಟ್ಟು, ಉಳಿದ 100ನ್ನು 1, 2, 2ರ ಲೆಕ್ಕದಲ್ಲಿ ಹಂಚಿ, ಕೊನೆಯಲ್ಲಿ ಮೂರನೆಯವನಿಗೆ 10 ಕೊಟ್ಟರೆ ಸರಿ. 5ಕ + 10 = 110ರಿಂದ 5ಕ = 100 ಅಂತ ಇಳಿಯುವುದು ಇದೇ.

ಮೊತ್ತ ಮತ್ತು ವ್ಯತ್ಯಾಸ ಎರಡೇ ಕೊಟ್ಟಿದ್ದರೆ ಇಷ್ಟೆಲ್ಲ ಬೇಕಿಲ್ಲ. ಶ್ರೀನಿವಾಸಪುರದಿಂದ ಬಂದ ಗಾಡಿಯಲ್ಲಿ ಬಾದಾಮಿ, ತೋತಾಪುರಿ ಸೇರಿ 60 ಕ್ರೇಟ್ ಮಾವು, ತೋತಾಪುರಿ 14 ಹೆಚ್ಚು ಅಂದರೆ 14ನ್ನು ತೆಗೆದಿಟ್ಟು 46ನ್ನು ಅರ್ಧ ಮಾಡಿ: ಬಾದಾಮಿ 23, ತೋತಾಪುರಿ 37. ಇದಕ್ಕೆ ನಮ್ಮ ಹಳೆಯ ಗಣಿತದಲ್ಲಿ ಸಂಕ್ರಮಣ ಅನ್ನುತ್ತಿದ್ದರು, ಕ್ರಿ.ಶ. 628ರಲ್ಲಿ ಬ್ರಹ್ಮಗುಪ್ತ ಬರೆದಿಟ್ಟಿದ್ದಾನೆ. ಮೂರು ಕ್ರಮಾಗತ ಸಂಖ್ಯೆಗಳ ಮೊತ್ತ 72 ಅಂತ ಬಂದರೆ ನಡುವಿನದಕ್ಕೆ ಕ ಅನ್ನಿ; ಮುಂದೆ ಒಂದು ಹೆಚ್ಚು, ಹಿಂದೆ ಒಂದು ಕಡಿಮೆ, ಎರಡೂ ಸರಿಹೋಗಿ 3ಕ = 72. ‘ದೊಡ್ಡ ಭಾಗವನ್ನು ಚಿಕ್ಕದರಿಂದ ಭಾಗಿಸಿದರೆ ಭಾಗಲಬ್ಧ 4, ಶೇಷ 3, ಮೊತ್ತ 98’ ಎಂದರೆ ಚಿಕ್ಕದು ಕ, ದೊಡ್ಡದು 4ಕ + 3. ಕೂಡಿದರೆ 5ಕ + 3 = 98, ಹಾಗಾಗಿ ಚಿಕ್ಕದು 19, ದೊಡ್ಡದು 79.

ಅನುಪಾತದ ಹಂಚಿಕೆ ನಿಮಗೆ ಹೊಸದಲ್ಲ. ವೇಮಗಲ್ ಕಡೆಯ ಮೂವರು ರೈತರು ಒಂದೇ ಗಾಡಿಯಲ್ಲಿ 40, 60, 80 ಬಾಕ್ಸ್ ಹಾಕಿಕೊಂಡು ಬಂದರು, ಬಾಡಿಗೆ 2,700 ಅಂದುಕೊಳ್ಳಿ. ನೀವು ಬಾಕ್ಸಿಗೆ 15 ಅಂತ ಹಾಕುತ್ತೀರಿ: 600, 900, 1,200. ಮಗಳು 2 : 3 : 4 ಅಂತ ಮಾಡಿ 2ಕ + 3ಕ + 4ಕ = 2,700, ಕ = 300 ಅನ್ನುತ್ತಾಳೆ. ನಿಮ್ಮ 15 ಒಂದು ಬಾಕ್ಸಿನದು, ಅವಳ 300 ಇಪ್ಪತ್ತು ಬಾಕ್ಸಿನದು, ಅಷ್ಟೇ ವ್ಯತ್ಯಾಸ. ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿದ್ದ ಮಹಾವೀರಾಚಾರ್ಯ ತನ್ನ ಗಣಿತಸಾರಸಂಗ್ರಹದಲ್ಲಿ ಈ ಹಂಚಿಕೆಗೆ ಪ್ರಕ್ಷೇಪಕ ಎಂದು ಹೆಸರಿಟ್ಟು ವಿವರಿಸಿದ್ದಾನೆ. ಕಮಿಷನ್, ಬಾಡಿಗೆ, ಪಾಲು ಹಂಚುವ ವ್ಯಾಪಾರಿಗಳಿಗೆ ಬೇಕಾದ ಗಣಿತ ಆಗಲೂ ಇದೇ ಆಗಿತ್ತು.

ಮಕ್ಕಳು ಅಂಜುವ ಇನ್ನೊಂದು ಜಾತಿ ಇದೆ, ಅದು ಕಾಣುವಷ್ಟು ಗಟ್ಟಿಯಲ್ಲ. ‘56ನ್ನು ಎರಡು ಭಾಗ ಮಾಡಿ; ಒಂದರ ಕಾಲುಭಾಗ, ಇನ್ನೊಂದರ ಮೂರನೇ ಒಂದು ಭಾಗಕ್ಕೆ ಸಮ.’ ಭಾಗಕ್ಕೆ ಕ ಇಟ್ಟರೆ ಭಿನ್ನರಾಶಿ ಬರುತ್ತದೆ. ಇಲ್ಲಿ ಹೆಸರಿಡಬೇಕಾದ್ದು ಭಾಗಕ್ಕಲ್ಲ, ಯಾವುದು ಸಮವಾಗಿದೆಯೋ ಅದಕ್ಕೆ. ಆ ಸಮವಾದದ್ದು ಕ ಆದರೆ, ಯಾವುದರ ಕಾಲುಭಾಗ ಕ ಆಗಿದೆಯೋ ಅದು 4ಕ. ಯಾವುದರ ಮೂರನೇ ಒಂದು ಭಾಗ ಕ ಆಗಿದೆಯೋ ಅದು 3ಕ. 7ಕ = 56, ಕ = 8. ಭಾಗಗಳು 32, 24. ತಾಳೆ: 32ರ ಕಾಲು 8, 24ರ ಮೂರನೇ ಒಂದು 8. ಇದೇ ಉಪಾಯದಿಂದ ನಾಲ್ಕು ಭಾಗದ ಭಾರಿ ಲೆಕ್ಕವೂ ಮೆತ್ತಗಾಗುತ್ತದೆ. ‘80ನ್ನು ನಾಲ್ಕು ಭಾಗ ಮಾಡಿ, ಮೊದಲನೆಯದಕ್ಕೆ 3 ಕೂಡಿಸಿದರೂ, ಎರಡನೆಯದರಲ್ಲಿ 3 ಕಳೆದರೂ, ಮೂರನೆಯದನ್ನು 3ರಿಂದ ಗುಣಿಸಿದರೂ, ನಾಲ್ಕನೆಯದನ್ನು 3ರಿಂದ ಭಾಗಿಸಿದರೂ ಒಂದೇ ಸಂಖ್ಯೆ ಬರಬೇಕು.’ ಆ ಒಂದೇ ಸಂಖ್ಯೆಗೆ ಕ ಅನ್ನಿ, ಹಿಂದಕ್ಕೆ ನಡೆಯಿರಿ: ಕ − 3, ಕ + 3, ಕ/3, 3ಕ. ಕೂಡಿದರೆ −3, +3 ಹೊಡೆದುಹೋಗಿ 5ಕ + ಕ/3 = 80. ಎರಡು ಬದಿಗೂ 3ರಿಂದ ಗುಣಿಸಿದರೆ 16ಕ = 240, ಕ = 15. ಭಾಗಗಳು 12, 18, 5, 45. ಮೊದಲ ಭಾಗಕ್ಕೆ ಕ ಇಟ್ಟುಕೊಂಡು ಒಮ್ಮೆ ಮಾಡಿ ನೋಡಿ, ಯಾಕೆ ಹೀಗೆ ಹೇಳಿದೆ ಅಂತ ಗೊತ್ತಾಗುತ್ತದೆ.

ಎರಡು ಭಾಗಕ್ಕೆ ಎರಡು ಅಕ್ಷರ ಇಟ್ಟರೆ ಆಗದೇ ಅಂತ ಅವಳು ಕೇಳಬಹುದು. ಖಂಡಿತ ಆಗುತ್ತದೆ. ಭಾಸ್ಕರಾಚಾರ್ಯರು ಗೊತ್ತಿಲ್ಲದ ಮೊದಲ ಸಂಖ್ಯೆಗೆ ಯಾವತ್ತಾವತ್, ಆಮೇಲಿನವಕ್ಕೆ ಕಾಲಕ, ನೀಲಕ, ಪೀತಕ ಅಂತ ಬಣ್ಣಗಳ ಹೆಸರಿಟ್ಟು ‘ಯಾ, ಕಾ, ನೀ, ಪೀ’ ಎಂದು ಬರೆಯುತ್ತಿದ್ದರು. ಬೇರೆ ಸಂಖ್ಯೆಗೆ ಬೇರೆ ಬಣ್ಣ. ಆದರೆ ಎರಡು ಅಕ್ಷರ ಬಂದರೆ ಸಮೀಕರಣವೂ ಎರಡು ಬೇಕು, ಆ ಪಾಠ ಹತ್ತನೇ ತರಗತಿಯಲ್ಲಿ ಬರುತ್ತದೆ. ಈಗ ‘ಉಳಿದದ್ದು’ ಅನ್ನುವುದನ್ನೇ ಗಟ್ಟಿ ಮಾಡಿಕೊಳ್ಳಲಿ.

ಅಭ್ಯಾಸದ ಲೆಕ್ಕಗಳಿಗೆ ಗೈಡ್ ಕೊಳ್ಳಬೇಡಿ, ನಿಮ್ಮ ಬಿಲ್ ಪುಸ್ತಕವೇ ಸಾಕು. ಒಂದೇ ದಿನ ಒಬ್ಬರೇ ರೈತರ ಮಾಲು ಎರಡು ದರಕ್ಕೆ ಹೋಗುವುದು ನಿಮಗೆ ಮಾಮೂಲು. ಹದಿನೈದು ಕೆ.ಜಿ.ಯ 60 ಬಾಕ್ಸ್, ಕೆಲವು 300ಕ್ಕೆ, ಉಳಿದವು 220ಕ್ಕೆ, ಒಟ್ಟು 15,760. ಎಷ್ಟೆಷ್ಟು? ಇದೂ ಅರವತ್ತನ್ನು ಎರಡು ಭಾಗ ಮಾಡುವ ಲೆಕ್ಕವೇ. 300ಕ್ಕೆ ಹೋದವು ಕ, ಉಳಿದವು 60 − ಕ:

300ಕ + 220(60 − ಕ) = 15,760
13,200 + 80ಕ = 15,760
80ಕ = 2,560, ಕ = 32

ನೀವಾದರೆ ಎಲ್ಲವೂ 220 ಅಂದುಕೊಂಡು 13,200 ಅನ್ನುತ್ತೀರಿ, 2,560 ಹೆಚ್ಚಿದೆ ಅನ್ನುತ್ತೀರಿ, ಒಂದೊಂದು ಒಳ್ಳೆ ಬಾಕ್ಸಿಗೆ 80 ಜಾಸ್ತಿ, ಅಲ್ಲಿಗೆ 32 ಬಾಕ್ಸ್. ನೀವು ಬಾಯಲ್ಲಿ ಹೇಳಿದ ಒಂದೊಂದು ವಾಕ್ಯಕ್ಕೂ ಅವಳ ಕಾಗದದಲ್ಲಿ ಒಂದೊಂದು ಸಾಲು ಸಿಗುತ್ತದೆ. ಪಕ್ಕಪಕ್ಕ ಇಟ್ಟು ತೋರಿಸಿ.

ಲೆಕ್ಕ ಕಟ್ಟುವುದು ಉತ್ತರದಿಂದ ಹಿಂದಕ್ಕೆ. ಮೊದಲು 32, 28 ಅಂತ ನೀವು ಅಂದುಕೊಂಡು ಆಮೇಲೆ 15,760 ಮಾಡಿಕೊಳ್ಳಿ, ಆಗ ಚಿಲ್ಲರೆ ಬರುವುದಿಲ್ಲ. ಸ್ವಲ್ಪ ದಿನವಾದ ಮೇಲೆ ಕಟ್ಟುವ ಕೆಲಸವನ್ನು ಅವಳಿಗೇ ಬಿಡಿ, ಬಿಡಿಸುವುದು ನಿಮಗಿರಲಿ. ವಾಕ್ಯವನ್ನು ತಾನೇ ಬರೆಯಬೇಕಾಗಿ ಬಂದಾಗ ‘ಗಿಂತ’ ಎಲ್ಲಿ ಬರುತ್ತದೆ, ‘ರಷ್ಟು’ ಎಲ್ಲಿ ಬರುತ್ತದೆ ಅನ್ನುವುದರ ಮೇಲೆ ಹಿಡಿತ ಸಿಗುತ್ತದೆ. ಬರೀ ಬಿಡಿಸುತ್ತಾ ಕೂತರೆ ಅಷ್ಟು ಬೇಗ ಸಿಗುವುದಿಲ್ಲ.

ಈ ವಾರಕ್ಕೆ ಮೂರು ಕೊಡಿ. ಒಂದು: 75ನ್ನು ಎರಡು ಭಾಗ ಮಾಡಿ, ಮೊದಲನೆಯದರ ಎರಡರಷ್ಟು ಎರಡನೆಯದರ ಮೂರರಷ್ಟಕ್ಕಿಂತ 15 ಕಡಿಮೆ, ಉತ್ತರ 42, 33. ಎರಡು: 118ನ್ನು ಮೂರು ಭಾಗ ಮಾಡಿ, ಎರಡನೆಯದು ಮೊದಲನೆಯದರ ಮೂರರಷ್ಟು, ಮೂರನೆಯದು ಎರಡನೆಯದಕ್ಕಿಂತ 8 ಕಡಿಮೆ, ಉತ್ತರ 18, 54, 46. ಮೂರು: 50 ಬಾಕ್ಸಿನಲ್ಲಿ ಕೆಲವು 310ಕ್ಕೆ, ಉಳಿದವು 250ಕ್ಕೆ ಹೋಗಿ ಒಟ್ಟು 13,900 ಆಯಿತು. ಈ ಮೂರನೆಯದಕ್ಕೆ ಅವಳಿಗೆ 60ಕ = 1,400 ಬರಬೇಕು, ಭಾಗಿಸಿದರೆ 23 ಬಾಕ್ಸ್ ಮತ್ತು ಒಂದು ಬಾಕ್ಸಿನ ಮೂರನೇ ಒಂದು ಭಾಗ. ‘ಅಪ್ಪ, ನಿಮ್ಮ ಬಿಲ್ಲೇ ತಪ್ಪಿದೆ’ ಅಂತ ಅವಳು ಹೇಳಿದರೆ ಆ ಲೆಕ್ಕಕ್ಕೆ ಪೂರ್ತಿ ಅಂಕ ಕೊಡಿ.